ಠಾಣೆಯ ಅಂಗಳದಲ್ಲಿ ತುಕ್ಕು ಹಿಡಿಯುವ ಬೈಕು

ಯಾವುದಾದರೂ ಪೊಲೀಸ್ ಠಾಣೆಯ ಅಥವಾ ಅಬಕಾರಿ ಕಚೇರಿಯ ಹಿತ್ತಲನ್ನು ಒಮ್ಮೆ ನೋಡಬೇಕು. ಸಾಲಾಗಿ ಬೈಕುಗಳು, ಸ್ಕೂಟರುಗಳು, ಆಟೊಗಳು, ನಡುವೆ ಒಂದೆರಡು ಕಾರು, ಒಂದು ಟೆಂಪೊ. ಟೈರು ನೆಲಕ್ಕೆ ಕುಸಿದಿರುತ್ತದೆ. ಸೀಟು ಹರಿದು ಒಳಗಿನ ಸ್ಪಂಜು ಹೊರಬಂದಿರುತ್ತದೆ. ಚಕ್ರದ ಅರೆಗಳ ನಡುವೆ ಪಾರ್ಥೇನಿಯಂ ಬೆಳೆದು ಹೂ ಬಿಟ್ಟಿರುತ್ತದೆ. ಪೆಟ್ರೋಲ್ ಟ್ಯಾಂಕಿನ ಮೇಲೆ ಬಿಳಿ ಬಣ್ಣದಲ್ಲಿ ಒಂದು ಮೊಕದ್ದಮೆಯ ಸಂಖ್ಯೆ, ಒಂದು ಇಸವಿ. ಒಂದು ಕಾಲಕ್ಕೆ ಮಾವಿನ ಎಲೆಯ ತೋರಣ ಕಟ್ಟಿ, ನಿಂಬೆಹಣ್ಣಿನ ಮೇಲೆ ಚಕ್ರ ಹತ್ತಿಸಿ ಮನೆಗೆ ತಂದ ಗಾಡಿಗಳು ಇವು. ಈಗ ಅವುಗಳ ಮಾಲೀಕರು ಎಲ್ಲಿದ್ದಾರೆ? ಕೆಲವರು ಕೋರ್ಟಿಗೆ ಅಲೆಯುತ್ತಿರುತ್ತಾರೆ. ಕೆಲವರು ಅಲೆದು ಸುಸ್ತಾಗಿ ಕೈಬಿಟ್ಟಿರುತ್ತಾರೆ. ಇನ್ನು ಕೆಲವರು ಗಾಡಿ ಇಲ್ಲದಿದ್ದರೂ ಅದರ ಸಾಲದ ಕಂತನ್ನು ಮಾತ್ರ ತಪ್ಪದೆ ಕಟ್ಟುತ್ತಿರುತ್ತಾರೆ.

ಹೀಗೊಂದು ಸಂಸಾರವನ್ನು ಕಲ್ಪಿಸಿಕೊಳ್ಳಬಹುದು. ತಂದೆಗೆ ಊರಿನ ಬಸ್ ನಿಲ್ದಾಣದ ಬಳಿ ಸಣ್ಣ ಹೊಲಿಗೆ ಅಂಗಡಿ. ಮಗ ಬಿ.ಕಾಂ. ಎರಡನೆಯ ವರ್ಷ. ಕಾಲೇಜು ದೂರ, ಬಸ್ಸಿನ ವೇಳೆ ಸರಿಯಿಲ್ಲ ಎಂದು ತಂದೆ ಸಹಕಾರ ಸಂಘದಲ್ಲಿ ಸಾಲ ಮಾಡಿ ತಮ್ಮ ಹೆಸರಿನಲ್ಲೇ ಒಂದು ಬೈಕು ಕೊಂಡರು. ಒಂದು ಶನಿವಾರ ಮಗನ ಸಹಪಾಠಿ ಬಂದು, ‘ಕಾರವಾರದ ತನಕ ಹೋಗಿ ಬರ್ತೀನಿ, ಒಂದು ದಿನ ಗಾಡಿ ಕೊಡು’ ಎಂದ. ಮಗ ಕೊಟ್ಟ. ಸ್ನೇಹಿತ ಕಾರವಾರದಲ್ಲಿ ನಿಲ್ಲಲಿಲ್ಲ, ಗೋವೆಗೆ ಹೋದ. ಮರಳುವಾಗ ಗಡಿಯ ತನಿಖಾ ಠಾಣೆಯಲ್ಲಿ ಅವನ ಚೀಲ ತೆಗೆಸಿದರು. ಒಳಗೆ ಬಟ್ಟೆಯಲ್ಲಿ ಸುತ್ತಿದ ಹನ್ನೆರಡು ಬಾಟಲಿ ಮದ್ಯ. ಹುಡುಗನ ಮೇಲೆ ಮೊಕದ್ದಮೆ ಆಯಿತು. ಬಾಟಲಿಗಳ ಜೊತೆಗೆ ಬೈಕೂ ಜಪ್ತಿಯಾಯಿತು.

ಜನ್ಮದಲ್ಲಿ ಒಂದು ಹನಿ ಮುಟ್ಟದ ತಂದೆ ಮರುದಿನ ಅಬಕಾರಿ ಕಚೇರಿಯ ಬಾಗಿಲಲ್ಲಿ ನಿಂತು ಕೇಳುವುದು ಒಂದೇ ಮಾತು: ‘ನಾನು ಮಾಡಿದ ತಪ್ಪೇನು ಸ್ವಾಮಿ?’

ಈ ಪ್ರಶ್ನೆಗೆ ಕಾನೂನು ಏನು ಉತ್ತರ ಕೊಡುತ್ತದೆ ಎಂಬುದನ್ನು ಗಾಡಿಯ ಕೀಲಿ ಕೈಗೆ ಬರುವ ಮೊದಲೇ ತಿಳಿದಿರುವುದು ಮಕ್ಕಳಿಗೂ ಒಳ್ಳೆಯದು, ಹೆತ್ತವರಿಗೂ ಒಳ್ಳೆಯದು.

ಗಡಿ ದಾಟಿದರೆ ಬಾಟಲಿಯ ಜಾತಿ ಬೇರೆ

ಅಂಗಡಿಯಲ್ಲಿ ಹಣ ಕೊಟ್ಟು, ರಸೀದಿ ಪಡೆದು ಕೊಂಡದ್ದು ಹೇಗೆ ಅಕ್ರಮವಾಗುತ್ತದೆ ಎಂದು ಹುಡುಗರು ಕೇಳುವುದುಂಟು. ಉತ್ತರ ಸಂವಿಧಾನದ ಏಳನೆಯ ಅನುಸೂಚಿಯಲ್ಲಿದೆ. ಅಲ್ಲಿನ ರಾಜ್ಯ ಪಟ್ಟಿಯ 8ನೆಯ ನಮೂದು ಮದ್ಯದ ತಯಾರಿಕೆ, ಸಾಗಣೆ, ಮಾರಾಟವನ್ನು ರಾಜ್ಯಗಳಿಗೆ ಒಪ್ಪಿಸಿದೆ. 51ನೆಯ ನಮೂದು ಅದರ ಮೇಲಿನ ಸುಂಕವನ್ನೂ ರಾಜ್ಯಗಳಿಗೇ ಕೊಟ್ಟಿದೆ. 2017ರಲ್ಲಿ ಸರಕು ಮತ್ತು ಸೇವಾ ತೆರಿಗೆ ಬಂದಾಗಲೂ ಕುಡಿಯುವ ಮದ್ಯ ಅದರ ಹೊರಗೇ ಉಳಿಯಿತು. ಹೀಗಾಗಿ ಒಂದೊಂದು ರಾಜ್ಯಕ್ಕೆ ಒಂದೊಂದು ಸುಂಕ, ಒಂದೊಂದು ಕಾಯ್ದೆ. ಗೋವೆಯಲ್ಲಿ ಸುಂಕ ಕಡಿಮೆ, ಆದ್ದರಿಂದ ಬೆಲೆ ಕಡಿಮೆ. ಆ ಬಾಟಲಿಗಳ ಮೇಲೆ ಗೋವೆಯಲ್ಲಿ ಮಾತ್ರ ಮಾರಾಟಕ್ಕೆ ಎಂದು ಮುದ್ರಿಸಿರುತ್ತಾರೆ. ಪರವಾನಗಿ ಇಲ್ಲದೆ ಅದನ್ನು ಕರ್ನಾಟಕದೊಳಗೆ ತಂದರೆ ಇಲ್ಲಿನ ಸುಂಕ ತಪ್ಪಿಸಿದಂತೆ. ಅಂಗಡಿಯ ರಸೀದಿ ಹಣ ಕೊಟ್ಟದ್ದಕ್ಕೆ ಸಾಕ್ಷಿಯೇ ಹೊರತು ಗಡಿ ದಾಟಿಸುವ ಪರವಾನಗಿಯಲ್ಲ. ಕಾರವಾರದ ಬಳಿಯ ಮಾಜಾಳಿ, ಪಶ್ಚಿಮ ಘಟ್ಟದ ಅನಮೋಡ ಮುಂತಾದ ಕಡೆ ತನಿಖಾ ಠಾಣೆಗಳು ಇರುವುದು ಇದಕ್ಕೇ.

ಜಪ್ತಿ ಬೇರೆ, ಮುಟ್ಟುಗೋಲು ಬೇರೆ

ಪತ್ರಿಕೆಗಳಲ್ಲಿ ಈ ಎರಡು ಪದಗಳನ್ನು ಒಂದೇ ಅರ್ಥದಲ್ಲಿ ಬಳಸುವುದು ರೂಢಿ. ಕಾನೂನಿನಲ್ಲಿ ಇವೆರಡರ ನಡುವೆ ಬಹಳ ಅಂತರವಿದೆ. ಜಪ್ತಿ ಎಂದರೆ ತನಿಖೆಗಾಗಿ ವಸ್ತುವನ್ನು ಸರ್ಕಾರ ತನ್ನ ವಶಕ್ಕೆ ತೆಗೆದುಕೊಳ್ಳುವುದು. ಆಗ ವಸ್ತು ಠಾಣೆಯಲ್ಲಿದ್ದರೂ ಒಡೆತನ ಮಾಲೀಕನದೇ. ಮುಟ್ಟುಗೋಲು ಎಂದರೆ ಒಡೆತನವೇ ಕೈತಪ್ಪಿ ವಸ್ತು ಸರ್ಕಾರದ ಪಾಲಾಗುವುದು. ಜಪ್ತಿ ರಸ್ತೆಯ ಮೇಲೆ ಹತ್ತು ನಿಮಿಷದಲ್ಲಿ ಆಗಿಬಿಡಬಹುದು. ಮುಟ್ಟುಗೋಲಿಗೆ ನೋಟಿಸು, ವಿಚಾರಣೆ, ಲಿಖಿತ ಆದೇಶ ಬೇಕು. ಈ ಎರಡರ ನಡುವಿನ ಅವಧಿಯಲ್ಲೇ ಮಾಲೀಕ ತನ್ನ ಗಾಡಿಯನ್ನು ಉಳಿಸಿಕೊಳ್ಳಬೇಕು.

ಕರ್ನಾಟಕದಲ್ಲಿ ಇದಕ್ಕೆ ಆಧಾರ 1965ರ ಕರ್ನಾಟಕ ಅಬಕಾರಿ ಕಾಯ್ದೆ. ಅಕ್ರಮ ಮದ್ಯವಷ್ಟೇ ಅಲ್ಲ, ಅದನ್ನು ಸಾಗಿಸಿದ ವಾಹನವೂ ಮುಟ್ಟುಗೋಲಿಗೆ ಒಳಗಾಗಬಹುದು ಎಂದು ಅದರ 43ನೆಯ ಪ್ರಕರಣ ಹೇಳುತ್ತದೆ. 43-ಎ ಪ್ರಕರಣದ ಪ್ರಕಾರ, ಕೋರ್ಟು ಮಾತ್ರವಲ್ಲ, ಅಬಕಾರಿ ಇಲಾಖೆಯ ಅಧಿಕಾರ ಪಡೆದ ಹಿರಿಯ ಅಧಿಕಾರಿಯೂ ಮುಟ್ಟುಗೋಲಿನ ಆದೇಶ ಮಾಡಬಹುದು. ಆದರೆ 43-ಬಿ ಪ್ರಕರಣ ಮಾಲೀಕನಿಗೆ ರಕ್ಷಣೆ ಕೊಟ್ಟಿದೆ. ಮೊದಲು ಲಿಖಿತ ನೋಟಿಸು ಕೊಡಬೇಕು. ಮಾಲೀಕನ ಉತ್ತರ ಪಡೆಯಬೇಕು. ಅವನ ಮಾತು ಕೇಳಬೇಕು.

ಅದೇ ಪ್ರಕರಣದಲ್ಲಿ ಹೊಲಿಗೆ ಅಂಗಡಿಯ ತಂದೆಯ ಪ್ರಶ್ನೆಗೂ ಉತ್ತರವಿದೆ. ವಾಹನವನ್ನು ತನಗೆ ತಿಳಿಯದಂತೆ, ತನ್ನ ಕುಮ್ಮಕ್ಕು ಇಲ್ಲದೆ ಬಳಸಲಾಗಿದೆ ಎಂದು ಮಾಲೀಕ ರುಜುವಾತು ಮಾಡಿದರೆ ಮುಟ್ಟುಗೋಲು ಮಾಡುವಂತಿಲ್ಲ. ಆದರೆ ಇಷ್ಟೇ ಸಾಲದು. ಮಾಲೀಕನ ಪ್ರತಿನಿಧಿಗೂ, ವಾಹನದ ಹೊಣೆ ಹೊತ್ತವನಿಗೂ ಅದು ತಿಳಿದಿರಲಿಲ್ಲವೆಂದು ತೋರಿಸಬೇಕು. ಅವರಲ್ಲಿ ಪ್ರತಿಯೊಬ್ಬರೂ ಅಂಥ ಬಳಕೆ ಆಗದಂತೆ ಸಮಂಜಸವಾದ, ಅಗತ್ಯವಾದ ಎಲ್ಲ ಎಚ್ಚರಿಕೆ ವಹಿಸಿದ್ದರು ಎಂದೂ ತೋರಿಸಬೇಕು. ರುಜುವಾತಿನ ಹೊರೆ ಸರ್ಕಾರದ ಮೇಲಲ್ಲ, ಮಾಲೀಕನ ಮೇಲೆ. ‘ನನಗೆ ಗೊತ್ತಿರಲಿಲ್ಲ’ ಎಂಬುದು ಅರ್ಧ ಉತ್ತರ ಮಾತ್ರ. ‘ಗೊತ್ತಾಗುವಂತೆ ಏನು ಎಚ್ಚರಿಕೆ ವಹಿಸಿದ್ದಿರಿ?’ ಎಂಬುದು ಮುಂದಿನ ಪ್ರಶ್ನೆ.

ಈಚಲ ಮರದ ಕೆಳಗೆ ಕೂತು ಮಜ್ಜಿಗೆ ಕುಡಿದರೂ ಜನ ಬೇರೆಯೇ ತಿಳಿಯುತ್ತಾರೆ ಎಂದು ಹಿರಿಯರು ಹೇಳುತ್ತಾರೆ. ಇಲ್ಲಿ ಮಾಲೀಕ ಮರದ ಕೆಳಗೆ ಕೂಡಲೂ ಇಲ್ಲ, ಅವನ ಗಾಡಿ ನಿಂತಿತ್ತು ಅಷ್ಟೇ. ಆದರೂ ಕುಡಿದದ್ದು ಮಜ್ಜಿಗೆ ಎಂದು ತೋರಿಸುವ ಕೆಲಸ ಅವನದೇ.

ನ್ಯಾಯಾಲಯಗಳು ಹೇಳಿದ್ದು

ಜಪ್ತಿಯಾದ ವಸ್ತು ಮೊಕದ್ದಮೆ ಮುಗಿಯುವ ತನಕ ಠಾಣೆಯಲ್ಲೇ ಇರಬೇಕೆ? ಈ ಪ್ರಶ್ನೆಗೆ ಸುಪ್ರೀಂ ಕೋರ್ಟು ಕೊಟ್ಟ ಒಂದು ಮುಖ್ಯ ಉತ್ತರಕ್ಕೆ ಕನ್ನಡ ನಾಡಿನ ಒಬ್ಬ ಮಹಿಳೆಯೇ ಕಾರಣ. ಕಳುವಾಗಿದ್ದ ಅವರ ಒಡವೆಗಳು ಪೊಲೀಸರಿಗೆ ಸಿಕ್ಕವು. ಆದರೆ ಠಾಣೆಯ ಸುಪರ್ದಿನಲ್ಲಿದ್ದಾಗಲೇ ಮತ್ತೆ ಕಾಣೆಯಾದವು. ರಾಜ್ಯಕ್ಕೆ ಇನ್ನೂ ಮೈಸೂರು ಎಂಬ ಹೆಸರಿದ್ದ ಕಾಲದ ಮೊಕದ್ದಮೆ ಅದು. 1977ರಲ್ಲಿ ಸುಪ್ರೀಂ ಕೋರ್ಟು ಸರ್ಕಾರವೇ ಒಡವೆಯ ಬೆಲೆ ತೆರಬೇಕೆಂದು ತೀರ್ಪಿತ್ತಿತು. ಪೊಲೀಸರು ವಶಪಡಿಸಿಕೊಂಡ ವಸ್ತುವನ್ನು ಅತ್ಯಗತ್ಯವಾದುದಕ್ಕಿಂತ ಹೆಚ್ಚು ಕಾಲ ಇಟ್ಟುಕೊಳ್ಳಬಾರದು ಎಂದೂ ಹೇಳಿತು.

ಎರಡನೆಯ ತೀರ್ಪು 2002ರ ಅಕ್ಟೋಬರ್ 1ರದು. ಸುಂದರ್‌ಭಾಯಿ ಅಂಬಾಲಾಲ್ ದೇಸಾಯಿ ಮೊಕದ್ದಮೆ ಎಂದು ವಕೀಲರೆಲ್ಲರಿಗೂ ಪರಿಚಿತ. ಅದರ ಹಿನ್ನೆಲೆ ವಿಚಿತ್ರವಾದದ್ದು. ಗುಜರಾತಿನ ಒಂದು ಠಾಣೆಯಲ್ಲಿ ಜಪ್ತಿ ಮಾಡಿಟ್ಟಿದ್ದ ವಸ್ತುಗಳನ್ನು ಬದಲಾಯಿಸಿದರು, ಅನುಮತಿಯಿಲ್ಲದೆ ಹರಾಜು ಹಾಕಿದರು ಎಂಬ ಆರೋಪ ಪೊಲೀಸರ ಮೇಲೆಯೇ ಬಂದಿತ್ತು. ಆ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ದೇಶದ ಎಲ್ಲ ಠಾಣೆಗಳ ಅಂಗಳವನ್ನೂ ಗಮನಕ್ಕೆ ತೆಗೆದುಕೊಂಡಿತು. ವಾಹನಗಳನ್ನು ಠಾಣೆಯಲ್ಲಿ ದೀರ್ಘ ಕಾಲ ನಿಲ್ಲಿಸಿ ಯಾರಿಗೂ ಪ್ರಯೋಜನವಿಲ್ಲ, ಪಂಚನಾಮೆ ಬರೆದು, ಫೋಟೊ ತೆಗೆಸಿ, ತಕ್ಕ ಮುಚ್ಚಳಿಕೆ, ಜಾಮೀನು ಪಡೆದು ಮಾಲೀಕನಿಗೆ ಒಪ್ಪಿಸಬೇಕು, ವಸ್ತುಗಳು ಹದಿನೈದು ದಿನದಿಂದ ಒಂದು ತಿಂಗಳಿಗಿಂತ ಹೆಚ್ಚು ಠಾಣೆಯಲ್ಲಿ ಇರಬಾರದು ಎಂಬುದು ಅದರ ಸಾರ. ಜಪ್ತಿಯಾದ ಮದ್ಯವನ್ನೂ ಮಾದರಿ ತೆಗೆದಿರಿಸಿ ಬೇಗ ವಿಲೇವಾರಿ ಮಾಡಬೇಕು ಎಂದಿತು.

2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಈ ಮಾತಿಗೆ ಶಾಸನದ ಬಲ ಕೊಟ್ಟಿದೆ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 451 ಮತ್ತು 457ನೆಯ ಪ್ರಕರಣಗಳ ಜಾಗದಲ್ಲಿ ಈಗ 497 ಮತ್ತು 503 ಇವೆ. ವಸ್ತುವನ್ನು ಹಾಜರುಪಡಿಸಿದ 14 ದಿನಗಳೊಳಗೆ ಅದರ ವಿವರಪಟ್ಟಿ ಸಿದ್ಧವಾಗಬೇಕು. ಫೋಟೊ, ಬೇಕಾದರೆ ವಿಡಿಯೊ ತೆಗೆಸಬೇಕು. ಆನಂತರ 30 ದಿನಗಳೊಳಗೆ ವಸ್ತುವಿನ ವಿಲೇವಾರಿಯ ಆದೇಶವಾಗಬೇಕು. ವಿಚಾರಣೆಯಲ್ಲಿ ಆ ಫೋಟೊ, ವಿಡಿಯೊಗಳೇ ಸಾಕ್ಷ್ಯವಾಗುತ್ತವೆ. ಗಾಡಿಯನ್ನೇ ತುಕ್ಕು ಹಿಡಿಸಿ ಸಾಕ್ಷಿಗೆ ನಿಲ್ಲಿಸಬೇಕಾಗಿಲ್ಲ.

ಇಷ್ಟನ್ನೇ ಓದಿ ಅರ್ಜಿ ಹಾಕಿದ ಕೂಡಲೇ ಗಾಡಿ ಬರುತ್ತದೆ ಎಂದು ತಿಳಿಯಬಾರದು. ನಾಣ್ಯಕ್ಕೆ ಇನ್ನೊಂದು ಮುಖವಿದೆ. 2000ದಲ್ಲಿ ಕರ್ನಾಟಕದಿಂದಲೇ ಹೋದ ಇನ್ನೊಂದು ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು, ಅರಣ್ಯ ಅಪರಾಧಕ್ಕೆ ಬಳಸಿದ ವಾಹನವನ್ನು ವಿಚಾರಣೆ ಮುಗಿಯುವ ತನಕ ಸಾಮಾನ್ಯವಾಗಿ ಬಿಡಬಾರದು, ಬಿಡಲೇಬೇಕಾದರೆ ಬ್ಯಾಂಕ್ ಖಾತರಿ ಪಡೆಯಬೇಕು ಎಂದಿತ್ತು. ಇದಕ್ಕೂ ಕಾರಣವಿದೆ. ಕಳ್ಳಸಾಗಣೆಯೇ ಕಸುಬಾದವನಿಗೆ ಲಾರಿ ಕೂಡಲೇ ಮರಳಿ ಸಿಕ್ಕರೆ ಮರುವಾರವೇ ಅದು ಅದೇ ಸರಕು ಹೊತ್ತು ಅದೇ ದಾರಿಯಲ್ಲಿ ಓಡುತ್ತದೆ. ಅವನ ಪಾಲಿಗೆ ದಂಡ ವ್ಯಾಪಾರದ ಖರ್ಚಿನಂತೆ, ನೋವಾಗುವುದು ಲಾರಿ ಹೋದಾಗ ಮಾತ್ರ. ವಿಶೇಷ ಕಾಯ್ದೆಗಳು ಮುಟ್ಟುಗೋಲಿಗೆ ಬೇರೆ ದಾರಿ ಮಾಡಿಕೊಂಡಿರುವುದು ಇದರಿಂದಲೇ. ಅಬಕಾರಿ ಅಧಿಕಾರಿ ಮುಟ್ಟುಗೋಲಿನ ಕ್ರಮ ಆರಂಭಿಸಿದ ಮೇಲೆ ಮ್ಯಾಜಿಸ್ಟ್ರೇಟರು ವಾಹನ ಬಿಡಬಹುದೇ ಎಂಬ ಪ್ರಶ್ನೆ ಹಲವು ಸಲ ಹೈಕೋರ್ಟುಗಳ ಮುಂದೆ ಬಂದಿದೆ. ಯಾವ ಹಂತದಲ್ಲಿ ಯಾರ ಮುಂದೆ ಅರ್ಜಿ ಹಾಕಬೇಕೆಂಬುದನ್ನು ವಕೀಲರಿಂದ ತಿಳಿದೇ ಮುಂದುವರಿಯಬೇಕು. ತಪ್ಪು ಬಾಗಿಲು ತಟ್ಟಿದರೆ ತಿಂಗಳುಗಳು ವ್ಯರ್ಥ.

ಕಸುಬುದಾರನನ್ನೂ ಅಮಾಯಕನನ್ನೂ ಬೇರ್ಪಡಿಸುವುದು ಹೇಗೆ? 2025ರ ಜನವರಿ 7ರಂದು ಸುಪ್ರೀಂ ಕೋರ್ಟು ಅಸ್ಸಾಮಿನ ಒಂದು ಲಾರಿಯ ವಿಷಯದಲ್ಲಿ ಈ ಪ್ರಶ್ನೆಯನ್ನು ಬಿಡಿಸಿ ನೋಡಿತು. ಅದು ಮದ್ಯದ ಮೊಕದ್ದಮೆಯಲ್ಲ, ಮಾದಕ ವಸ್ತುವಿನದು. ಸಾಲ ಮಾಡಿ ಕೊಂಡ ಲಾರಿ, ಮಾಲೀಕನಿಗೆ ಅದೊಂದೇ ಜೀವನಾಧಾರ. ಅದರಲ್ಲಿ ಹತ್ತಿದ್ದ ಬೇರೊಬ್ಬನ ಬಳಿ ಹೆರಾಯಿನ್ ಸಿಕ್ಕಿತ್ತು. ಸರಕು ಮಾಲೀಕನ ಅಥವಾ ಅವನ ಚಾಲಕನಂಥ ಪ್ರತಿನಿಧಿಯ ಬಳಿ ಸಿಕ್ಕರೆ ವಾಹನವನ್ನು ಸಾಮಾನ್ಯವಾಗಿ ಬಿಡುವಂತಿಲ್ಲ. ಆದರೆ ಕದ್ದ ವಾಹನದಲ್ಲಿ ಸಿಕ್ಕರೆ, ಅಥವಾ ಮಾಲೀಕನಿಗೆ ಅರಿವಿಲ್ಲದೆ ಮೂರನೆಯವನೊಬ್ಬ ಇಟ್ಟುಕೊಂಡಿದ್ದರೆ ಷರತ್ತಿನ ಮೇಲೆ ಬಿಡುವುದೇ ಸರಿ ಎಂದು ಕೋರ್ಟು ವಿವರಿಸಿತು. ಇಲ್ಲವಾದರೆ ಪ್ರಯಾಣಿಕನೊಬ್ಬನ ಚೀಲದಲ್ಲಿ ಸಿಕ್ಕಿದ್ದಕ್ಕೆ ಇಡೀ ಬಸ್ಸನ್ನು, ಹಡಗನ್ನು, ವಿಮಾನವನ್ನೇ ಮೊಕದ್ದಮೆ ಮುಗಿಯುವ ತನಕ ಕಟ್ಟಿಹಾಕಬೇಕಾದೀತು ಎಂಬುದು ಅದರ ತರ್ಕ.

ಬೇರೆ ರಾಜ್ಯಗಳಲ್ಲಿ ನಿಯಮ ಇದಕ್ಕಿಂತ ಬಿಗಿಯಾಗಿರಬಹುದು. ಪೂರ್ಣ ಪಾನನಿಷೇಧವಿರುವ ಗುಜರಾತಿನಲ್ಲಿ, ನಿಗದಿತ ಪ್ರಮಾಣಕ್ಕಿಂತ ಹೆಚ್ಚು ಮದ್ಯ ಸಿಕ್ಕ ವಾಹನವನ್ನು ಅಂತಿಮ ತೀರ್ಪಿನ ತನಕ ಜಾಮೀನಿನ ಮೇಲೆ ಬಿಡುವುದನ್ನು 1949ರ ಪಾನನಿಷೇಧ ಕಾಯ್ದೆಯ 98ನೆಯ ಪ್ರಕರಣ ತಡೆಯುತ್ತದೆ. 2016ರ ಏಪ್ರಿಲ್ 5ರಂದು ಪೂರ್ಣ ಪಾನನಿಷೇಧ ಜಾರಿಗೆ ಬಂದ ಬಿಹಾರದಲ್ಲಿ ಮುಟ್ಟುಗೋಲಿನ ಅಧಿಕಾರ ಜಿಲ್ಲಾಧಿಕಾರಿಯದು. ಅಲ್ಲಿ ವಾಹನ ಕಳೆದುಕೊಂಡವರ ಅರ್ಜಿಗಳು ಪಟ್ನಾ ಹೈಕೋರ್ಟಿನಲ್ಲಿ ರಾಶಿ ಬಿದ್ದವು. 2022ರ ತಿದ್ದುಪಡಿಯಲ್ಲಿ ದಂಡ ಕಟ್ಟಿ ವಾಹನ ಬಿಡಿಸಿಕೊಳ್ಳುವ ದಾರಿ ಮಾಡಿಕೊಟ್ಟರು. ಕಾಲೇಜು ಪ್ರವಾಸಕ್ಕೆ ಹೊರರಾಜ್ಯಕ್ಕೆ ಹೊರಡುವವರು ಊರುಗಳ ನಕ್ಷೆಯ ಜೊತೆಗೆ ಇದನ್ನೂ ತಿಳಿದಿರಬೇಕು.

ತಂದೆ ಈಗ ಏನು ಮಾಡಬೇಕು?

ಮೊದಲನೆಯದಾಗಿ, ಅಳುತ್ತ ಕೂರದೆ ಜಪ್ತಿಯ ಪಂಚನಾಮೆ ಮತ್ತು ಪ್ರಥಮ ವರ್ತಮಾನ ವರದಿಯ ಪ್ರತಿ ಪಡೆಯಬೇಕು. ಗಾಡಿಯ ನೋಂದಣಿ ಪತ್ರ, ವಿಮೆ, ಕೊಂಡ ರಸೀದಿ, ಸಾಲದ ಕಾಗದಗಳನ್ನು ಒಂದು ಕಡೆ ಸೇರಿಸಬೇಕು. ಬಿಡುಗಡೆಯ ಅರ್ಜಿಯನ್ನು ನೋಂದಾಯಿತ ಮಾಲೀಕನೇ ಹಾಕಬೇಕು, ಓಡಿಸಿದವನಲ್ಲ. ನೋಟಿಸು ಬಂದರೆ ಅದನ್ನು ದೇವರ ಪಟದ ಹಿಂದೆ ಸಿಕ್ಕಿಸಿಡದೆ, ಅದರಲ್ಲಿ ಹೇಳಿದ ಅವಧಿಯೊಳಗೆ ಲಿಖಿತ ಉತ್ತರ ಕೊಡಬೇಕು. ಉತ್ತರ ಕೊಡದವನ ಪರವಾಗಿ ಯಾರೂ ಯೋಚಿಸುವುದಿಲ್ಲ. ಗಾಡಿ ಯಾರ ಕೈಗೆ, ಯಾವ ಕೆಲಸಕ್ಕೆ, ಎಷ್ಟು ಹೊತ್ತಿಗೆ ಕೊಟ್ಟದ್ದು ಎಂಬುದನ್ನು ಇದ್ದುದನ್ನು ಇದ್ದಂತೆ ಹೇಳಬೇಕು. ‘ಗಾಡಿ ಕಳುವಾಗಿತ್ತು’ ಎಂದು ಸುಳ್ಳು ದೂರು ಹುಟ್ಟಿಸುವಂತೆ ಸಲಹೆ ಕೊಡುವವರೂ ಸಿಗುತ್ತಾರೆ. ಅಂಥ ಸುಳ್ಳು ಗಾಡಿಯ ಜೊತೆಗೆ ಮಾಲೀಕನನ್ನೂ ಒಳಗೆ ಕೂರಿಸುತ್ತದೆ.

ಬಿಡುಗಡೆಯ ಆದೇಶವಾದರೆ ಅದರ ಜೊತೆ ಷರತ್ತುಗಳಿರುತ್ತವೆ. ಮುಚ್ಚಳಿಕೆ, ಜಾಮೀನುದಾರ, ಕೆಲವೊಮ್ಮೆ ಬ್ಯಾಂಕ್ ಖಾತರಿ. ಗಾಡಿಯನ್ನು ಮಾರಬಾರದು, ಬಣ್ಣ ಬದಲಿಸಬಾರದು, ಕರೆದಾಗ ಹಾಜರುಪಡಿಸಬೇಕು. ಇದು ಮಧ್ಯಂತರ ಸುಪರ್ದು ಮಾತ್ರ, ಖುಲಾಸೆಯಲ್ಲ. ಅಂಗಳದಿಂದ ಮನೆಗೆ ಬಂದರೂ ಗಾಡಿ ಇನ್ನೂ ಮೊಕದ್ದಮೆಯ ವಸ್ತುವೇ. ಆದೇಶ ವಿರುದ್ಧವಾದರೆ ಮೇಲ್ಮನವಿಗೆ ದಾರಿಯಿದೆ, ಅದಕ್ಕೂ ಅವಧಿಯ ಕಟ್ಟು ಇದೆ. ವಕೀಲರ ಶುಲ್ಕಕ್ಕೆ ಹಣವಿಲ್ಲದವರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ವಿಚಾರಿಸಬಹುದು. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ, ಕಡಿಮೆ ವರಮಾನದವರಿಗೆ ಉಚಿತ ನೆರವು ಕೊಡಲು 1987ರ ಕಾಯ್ದೆಯಲ್ಲಿ ಅವಕಾಶವಿದೆ.

ಕೀಲಿಯ ಜೊತೆಗೆ ಕೊಡಬೇಕಾದ ಮಾತು

ಈ ಕಥೆಯಲ್ಲಿ ತಂದೆಗಿಂತ ಕಷ್ಟದ ಸ್ಥಿತಿ ಮಗನದು. ತಂದೆ ಗಾಡಿಯನ್ನು ಕೊಟ್ಟದ್ದು ಮಗನಿಗೆ. ಮಗ ಅದರ ಹೊಣೆ ಹೊತ್ತವನು. ಅವನು ಸ್ನೇಹಿತನಿಗೆ ಎಲ್ಲಿಗೆ, ಯಾಕೆ ಎಂದು ಕೇಳಿದ್ದನೇ? ಗೋವೆಯ ಮಾತು ಅವನ ಕಿವಿಗೆ ಬಿದ್ದಿತ್ತೇ? ‘ನನಗೂ ಎರಡು ಬಾಟಲಿ ತಾ’ ಎಂದು ಮೊಬೈಲಿನಲ್ಲಿ ಒಂದು ಸಾಲು ಬರೆದಿದ್ದರೂ ಸಾಕು, ತಂದೆಯ ಇಡೀ ವಾದ ಕುಸಿದುಬೀಳುತ್ತದೆ. ತಮಾಷೆಗೆ ಬರೆದೆ ಎಂದರೆ ಯಾರೂ ಒಪ್ಪುವುದಿಲ್ಲ.

ಆದ್ದರಿಂದ ಮನೆಯಲ್ಲಿ ಕೆಲವು ಸರಳ ನಿಯಮಗಳಿರಲಿ. ಗಾಡಿ ಮನೆಯವರಲ್ಲದವರ ಕೈಗೆ ಹೋಗುವುದಾದರೆ ಮಾಲೀಕರಿಗೆ ತಿಳಿದೇ ಹೋಗಲಿ. ಬೇರೆಯವರ ಚೀಲವನ್ನು ಒಳಗೇನಿದೆ ಎಂದು ನೋಡದೆ ಹೊತ್ತು ತರುವುದು ಬೇಡ. ಹಳೆಯ ಗಾಡಿ ಮಾರಿದವರು ಹಣ ಎಣಿಸಿಕೊಂಡು ಸುಮ್ಮನಿರಬಾರದು. ಮಾರಿದವರು 14 ದಿನಗಳೊಳಗೆ ಸಾರಿಗೆ ಕಚೇರಿಗೆ ತಿಳಿಸಬೇಕೆಂದು ಮೋಟಾರು ವಾಹನ ಕಾಯ್ದೆಯ 50ನೆಯ ಪ್ರಕರಣ ಹೇಳುತ್ತದೆ. ದಾಖಲೆಯಲ್ಲಿ ಯಾರ ಹೆಸರಿದೆಯೋ ಅವರೇ ಮಾಲೀಕರು ಎಂದು ಅಪಘಾತದ ಪರಿಹಾರದ ಮೊಕದ್ದಮೆಯೊಂದರಲ್ಲಿ 2018ರಲ್ಲಿ ಸುಪ್ರೀಂ ಕೋರ್ಟು ಸ್ಪಷ್ಟಪಡಿಸಿದೆ. ವರ್ಷದ ಹಿಂದೆ ಮಾರಿದ ಗಾಡಿಯ ನೋಟಿಸು ಹಳೆಯ ಮನೆಯ ಬಾಗಿಲಿಗೇ ಬರುತ್ತದೆ. ಇನ್ನು 18 ತುಂಬದ ಮಕ್ಕಳ ಕೈಗೆ ಕೀಲಿ ಕೊಡುವ ಮಾತೇ ಬೇಡ. 2019ರ ತಿದ್ದುಪಡಿಯ ನಂತರ, ಅಂಥ ಮಕ್ಕಳು ವಾಹನ ಕಾಯ್ದೆಯ ಅಪರಾಧ ಮಾಡಿದರೆ ಪೋಷಕರಿಗೆ ಅಥವಾ ಮಾಲೀಕರಿಗೆ ಮೂರು ವರ್ಷದ ತನಕ ಸಜೆ, 25,000 ರೂಪಾಯಿ ದಂಡ ಆಗಬಹುದು.

ವಿದ್ಯಾರ್ಥಿಗಳಿಗೆ ಹೇಳಬೇಕಾದದ್ದು ಇನ್ನೊಂದಿದೆ. ಸ್ನೇಹಿತನಿಗೆ ‘ಇಲ್ಲ’ ಎನ್ನುವುದು ಆ ಹೊತ್ತಿಗೆ ಕಷ್ಟ, ಮುಖ ಸಣ್ಣದಾಗುತ್ತದೆ. ಆದರೆ ಆ ಕಷ್ಟ ಐದು ನಿಮಿಷದ್ದು. ‘ಹೂಂ’ ಎಂದದ್ದರ ಕಷ್ಟ ವರ್ಷಗಳ ತನಕ ಉಳಿಯಬಹುದು, ಅದೂ ತನ್ನ ಹೆಗಲ ಮೇಲಲ್ಲ, ತಂದೆಯ ಹೆಗಲ ಮೇಲೆ. ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂಬ ಗಾದೆ ಸುಮ್ಮನೆ ಹುಟ್ಟಿದ್ದಲ್ಲ. ಗಾಡಿ ಮರಳಿ ಬಂದರೂ ಅದಕ್ಕಾಗಿ ಅಂಗಡಿ ಮುಚ್ಚಿ ಕಳೆದ ದಿನಗಳು ಮರಳಿ ಬರುವುದಿಲ್ಲ.

ಕಾನೂನು ಈ ತಂದೆಯ ಮುಖಕ್ಕೆ ಬಾಗಿಲು ಮುಚ್ಚಿಲ್ಲ. ಅವರು ನಿರ್ದೋಷಿಯಾದರೆ ಅದನ್ನು ತೋರಿಸಲು ದಾರಿ ಇಟ್ಟಿದೆ. ಆ ದಾರಿಯಲ್ಲಿ ಅವರ ಜೊತೆ ಸಾಕ್ಷಿಯಾಗಿ ನಡೆಯಬೇಕಾದವನು ಮಗ. ‘ನನ್ನ ಗೆಳೆಯ ಎಲ್ಲಿಗೆ ಹೊರಟಿದ್ದಾನೆಂದು ಕೇಳಿದ್ದೆ, ಅವನು ಸುಳ್ಳು ಹೇಳಿದ್ದ’ ಎಂದು ಅವನು ತಲೆಯೆತ್ತಿ ಹೇಳುವಂತಿದ್ದರೆ ಗಾಡಿ ಮನೆಗೆ ಬರುವ ಸಂಭವ ಹೆಚ್ಚು. ‘ನಾನು ಕೇಳಲೇ ಇಲ್ಲ’ ಎಂದು ತಲೆ ತಗ್ಗಿಸಿದರೆ, ಅಂಗಳದ ಪಾರ್ಥೇನಿಯಂ ಇನ್ನೊಂದು ಮಳೆಗಾಲ ಹೂ ಬಿಡುತ್ತದೆ.